ಮೂರು ಮಹಡಿ, ಎರಡು ಮರಿ, ಒಂದು ಬೋಗುಣಿ

ಬೆಕ್ಕು ತನ್ನ ಮರಿಗಳನ್ನು ಏಳು ಮನೆ ಸುತ್ತಿಸುವುದೆಂದು ನಮ್ಮ ಹಿರಿಯರು ಹೇಳುವುದುಂಟು. ಕಳೆದ ವರ್ಷದ ಮಳೆಗಾಲದಲ್ಲಿ ಬೂದುಬಣ್ಣದ ಬೆಕ್ಕೊಂದು ಹಾಗೆ ಸುತ್ತುತ್ತ ನಮ್ಮ ಮನೆಗೆ ಬಂದಿತು. ಅದಕ್ಕೆ ನಮ್ಮದು ಮೂರನೆಯ ಮನೆಯೋ ಏಳನೆಯದೋ ತಿಳಿಯದು. ಒಂದು ಬೆಳಿಗ್ಗೆ ಬಟ್ಟೆ ಒಣಹಾಕಲು ನಾನು ತಾರಸಿಗೆ ಹೋದಾಗ, ನೀರಿನ ತೊಟ್ಟಿಯ ಕೆಳಗಿನ ಸಂದಿನಲ್ಲಿ ಅದು ಎರಡು ಮರಿಗಳನ್ನು ಮಗ್ಗುಲಿಗೆ ಹಾಕಿಕೊಂಡು ಮಲಗಿದ್ದಿತು. ಮರಿಗಳು ಆಗತಾನೆ ಕಣ್ಣು ತೆರೆದಿದ್ದುವು. ನಾಲ್ಕೈದು ವಾರ ತಾಯಿ ಅವುಗಳನ್ನು ಬಹು ಜೋಕೆಯಿಂದ ನೋಡಿಕೊಂಡಿತು. ಆಮೇಲೆ ಒಂದು ಸಂಜೆ ಬೀದಿಗೆ ಇಳಿದುಹೋದದ್ದು ಹಿಂದಿರುಗಲಿಲ್ಲ. ಎರಡು ದಿನ ಮರಿಗಳು ಅತ್ತುವು. ಮೂರನೆಯ ದಿನ ನಮ್ಮ ಮಕ್ಕಳಿಬ್ಬರೂ ಅವುಗಳ ಜೊತೆಗೂಡಿ ಅತ್ತರು.

ನಮ್ಮ ಮನೆ ಬೆಂಗಳೂರಿನಲ್ಲಿ. ಮೂವತ್ತು ಅಡಿ ಅಗಲ, ನಲವತ್ತು ಅಡಿ ಉದ್ದದ ನಿವೇಶನ. ಅಗಲಕ್ಕೆ ಬೆಳೆಯಲು ಎಡೆಯಿಲ್ಲದುದರಿಂದ ಎತ್ತರಕ್ಕೆ ಬೆಳೆದ ಮನೆ. ಕೆಳಗೆ ನಡುಮನೆ, ಅಡಿಗೆಮನೆ, ದೇವರ ಕೋಣೆ, ಬಚ್ಚಲು. ಅದರ ಮೇಲೆ ನಮ್ಮ ಕೋಣೆ, ಮಕ್ಕಳ ಕೋಣೆ, ಇಬ್ಬರಿಗೂ ಸೇರಿ ಒಂದು ಬಚ್ಚಲು. ಅದಕ್ಕೂ ಮೇಲೆ ಒಂದೇ ಒಂದು ಕೋಣೆ, ಉಳಿದುದೆಲ್ಲ ತಾರಸಿ. ಒಂದೊಂದು ಅಂತಸ್ತಿಗೂ ೧೮ ಮೆಟ್ಟಿಲು. ಮೇಲಿನ ಆ ಕೋಣೆ ನಮ್ಮ ಮಾವನವರದು. ಅತ್ತೆಯವರು ತೀರಿಕೊಂಡ ಮೇಲೆ, "ಅಲ್ಲಿ ಗಾಳಿ ಬರುತ್ತದೆ, ಪುಸ್ತಕಗಳಿಗೆ ಜಾಗವಿದೆ" ಎಂದು ಅವರೇ ಬಯಸಿ ಅಲ್ಲಿಗೆ ಹೋದರು. ಮೂವತ್ತೈದು ವರ್ಷ ಪ್ರೌಢಶಾಲೆಯಲ್ಲಿ ಕನ್ನಡ ಪಾಠ ಹೇಳಿದವರು. ಈಗ ಎಪ್ಪತ್ತೊಂಬತ್ತು ತುಂಬಿದೆ.

ಮನೆಯ ಯಾವ ವ್ಯಾಜ್ಯವಾದರೂ ಕಡೆಗೆ ತೀರ್ಮಾನವಾಗುವುದು ಆ ಕೋಣೆಯಲ್ಲಿಯೇ. ಮಕ್ಕಳು ಮರಿಗಳನ್ನು ಒಂದು ಬುಟ್ಟಿಯಲ್ಲಿಟ್ಟುಕೊಂಡು ತಾತನ ಮುಂದೆ ಹಾಜರಾದರು. ಮಾವನವರು ಕನ್ನಡಕದ ಮೇಲಿನಿಂದ ನೋಡಿ, "ಕಲಿಯುವ ಹುಡುಗರಾದರೆ ಶಾಲೆಗೆ ಸೇರಿಸಿಕೊಳ್ಳಬಹುದು. ಕಲಿಯದಿದ್ದರೆ ಟಿ.ಸಿ. ಕೊಟ್ಟು ಕಳಿಸಬೇಕಾದೀತು" ಎಂದರು. ಕಪ್ಪು ಮರಿಗೆ 'ಕಾಡಿಗೆ' ಎಂದೂ, ಹಳದಿ ಮಚ್ಚೆಯ ಬಿಳಿಯ ಮರಿಗೆ 'ಬೆಣ್ಣೆ' ಎಂದೂ ಹಾಜರಿ ಪುಸ್ತಕದಲ್ಲಿ ಹೆಸರು ಬಿದ್ದಿತು.

ಮೊದಲ ಪಾಠ ಯಾವುದೆಂಬುದನ್ನು ಮಕ್ಕಳಿರುವ ಮನೆಯ ಸೋದರಿಯರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ. ಅಡಿಗೆಮನೆಯ ಹಿಂದೆ ಪಾತ್ರೆ ತೊಳೆಯುವ ಪುಟ್ಟ ಕೋಣೆಯೊಂದಿದೆ. ಮರಿಗಳನ್ನು ಮೊದಲ ಹತ್ತು ದಿನ ಅಲ್ಲಿಯೇ ಇರಿಸಿದೆವು. ಒಂದು ಮೂಲೆಯಲ್ಲಿ ಅವುಗಳ ಹಾಸಿಗೆ ಮತ್ತು ಆಹಾರ. ಎದುರು ಮೂಲೆಯಲ್ಲಿ, ಮರಿ ಸುಲಭವಾಗಿ ಹತ್ತಿ ಇಳಿಯುವಂತೆ ಮೂರಂಗುಲ ಎತ್ತರದ ಒಂದು ಅಗಲವಾದ ಬೋಗುಣಿ. ಪಕ್ಕದಲ್ಲಿ ಮನೆ ಕಟ್ಟುತ್ತಿದ್ದವರನ್ನು ಕೇಳಿ ತಂದ ಮರಳನ್ನು ಜರಡಿ ಹಿಡಿದು ಎರಡಂಗುಲ ಹರಡಿದೆವು. ಉಂಡ ಕೂಡಲೆ, ನಿದ್ದೆಯಿಂದ ಎದ್ದ ಕೂಡಲೆ, ಆಡಿ ದಣಿದ ಕೂಡಲೆ ಮರಿಗಳನ್ನು ಮೆಲ್ಲನೆ ಎತ್ತಿ ಆ ಮರಳಿನ ಮೇಲೆ ಬಿಡುವುದು. ಮಾಡಿದ ಶಿಕ್ಷಣ ಇಷ್ಟೆ. ಮುಂಗಾಲು ಹಿಡಿದು ಮರಳು ಕೆದಕಿಸಲು ನನ್ನ ಮಗ ಹೋದಾಗ ಬೆಣ್ಣೆಯು ಹೆದರಿ ಓಡಿತು. ಕೈಬಿಟ್ಟು ದೂರ ನಿಂತಾಗ ತಾನಾಗಿಯೇ ಬಂದು, ಗುಂಡಿ ತೋಡಿ, ಕೆಲಸ ಮುಗಿಸಿ, ಮರಳು ಮುಚ್ಚಿ, ಮೂಸಿ ನೋಡಿ ಹೋಯಿತು.

ವಾಸ್ತವವಾಗಿ ಇದು ನಾವು ಕಲಿಸುವ ವಿದ್ಯೆಯೇ ಅಲ್ಲ. ಸುಮಾರು ಮೂರು ವಾರ ತುಂಬುವವರೆಗೆ ತಾಯಿ ನೆಕ್ಕಿದ ಹೊರತು ಮರಿಗೆ ಮಲಮೂತ್ರ ವಿಸರ್ಜನೆಯೇ ಆಗದು. ಅಲ್ಲಿಂದ ಮುಂದೆ ಸಡಿಲವಾದ ಮಣ್ಣನ್ನು ಹುಡುಕಿ ಕೆದಕುವ ಬುದ್ಧಿ ಅದಕ್ಕೆ ತಾನಾಗಿ ಬರುತ್ತದೆ. ಸಾಕಿದ ಬೆಕ್ಕಿನ ಮೂಲಪುರುಷರು ಆಫ್ರಿಕ ಮತ್ತು ಪಶ್ಚಿಮ ಏಷ್ಯದ ಒಣ ನಾಡುಗಳ ಕಾಡುಬೆಕ್ಕುಗಳು. ಮರಳಿನ ನಂಟು ಅವುಗಳ ರಕ್ತದಲ್ಲಿಯೇ ಇದೆ. ನಮ್ಮ ಕೆಲಸ ಜಾಗವನ್ನು ತೋರಿಸುವುದು ಮಾತ್ರ.

ಅಂಗಡಿಗಳಲ್ಲಿ ಈಗ ಬೆಕ್ಕಿಗೆಂದೇ ಚೀಲಗಟ್ಟಲೆ ಮಣ್ಣು ಮಾರುತ್ತಾರೆ. ಅದರ ಕಥೆ ಸ್ವಾರಸ್ಯವಾಗಿದೆ. ೧೯೪೭ರ ಚಳಿಗಾಲದಲ್ಲಿ ಅಮೆರಿಕದ ಮಿಷಿಗನ್ ಸಂಸ್ಥಾನದ ಕ್ಯಾಸೊಪೊಲಿಸ್ ಎಂಬ ಊರಿನಲ್ಲಿ ಎಡ್ವರ್ಡ್ ಲೋ ಎಂಬಾತನ ಬಳಿಗೆ ನೆರೆಮನೆಯಾಕೆ ಬಂದು, ತನ್ನ ಬೆಕ್ಕಿಗಾಗಿ ಒಂದಿಷ್ಟು ಮರಳು ಕೇಳಿದಳಂತೆ. ಆಕೆಯ ಮರಳು ಚಳಿಗೆ ಹೆಪ್ಪುಗಟ್ಟಿದ್ದಿತು. ಬೂದಿ ಹಾಕಿ ನೋಡಿದರೆ ಬೆಕ್ಕು ಮನೆಯೆಲ್ಲ ಬೂದಿಯ ಹೆಜ್ಜೆ ಮೂಡಿಸುತ್ತಿದ್ದಿತು. ಆತ ಮರಳಿನ ಬದಲು, ಕಾರ್ಖಾನೆಗಳ ನೆಲದ ಮೇಲೆ ಚೆಲ್ಲಿದ ಎಣ್ಣೆಯನ್ನು ಹೀರಲು ಬಳಸುವ ಜೇಡಿಮಣ್ಣಿನ ಹರಳನ್ನು ಕೊಟ್ಟನು. ನಮ್ಮ ಹೆಣ್ಣುಮಕ್ಕಳು ಮುಖಕ್ಕೆ ಹಚ್ಚಿಕೊಳ್ಳುವ ಮುಲ್ತಾನಿ ಮಣ್ಣಿನ ಜಾತಿಯದೇ ಅದು. ಅಲ್ಲಿಂದ ಅದೊಂದು ದೊಡ್ಡ ವ್ಯಾಪಾರವಾಗಿ ಬೆಳೆಯಿತು. ಆದರೆ ನೀರು ತಾಗಿದೊಡನೆ ಗಟ್ಟಿಯಾಗಿ ಉಂಡೆಗಟ್ಟುವ ಬಗೆಯ ಮಣ್ಣನ್ನು ತೀರ ಎಳೆಯ ಮರಿಗಳಿಗೆ ಹಾಕಬಾರದು. ಎಳೆಯವು ಅದನ್ನು ತಿಂದು ನೋಡುತ್ತವೆ. ಹೊಟ್ಟೆಯಲ್ಲಿ ಉಂಡೆಗಟ್ಟಿದರೆ ಅಪಾಯ.

ಹತ್ತು ದಿನದಲ್ಲಿ ಒಂದು ತಪ್ಪೂ ಆಗಲಿಲ್ಲ. ಮಾವನವರು ಕೆಳಗಿಳಿದು ಬಂದು ಬೋಗುಣಿಯನ್ನು ತನಿಖೆಮಾಡಿ "ಪ್ರಥಮ ದರ್ಜೆ" ಎಂದರು. ನಮಗೂ ಹೆಮ್ಮೆಯಾಯಿತು. ಕೋಣೆಯ ಬಾಗಿಲು ತೆರೆದು ಮರಿಗಳನ್ನು ಮನೆಯೆಲ್ಲಕ್ಕೂ ಬಿಟ್ಟೆವು.

ಅಲ್ಲಿಗೆ ದರ್ಜೆಯೆಲ್ಲ ಮಣ್ಣುಪಾಲಾಯಿತು. ಮೊದಲನೆಯ ದಿನ ಒಗೆಯಲು ಹಾಕಿದ್ದ ಬಟ್ಟೆಯ ರಾಶಿ. ಎರಡನೆಯ ದಿನ ನಮ್ಮ ಮಂಚದ ಕೆಳಗೆ. ಮೂರನೆಯ ದಿನ ತಾರಸಿಯ ತುಲಸಿಯ ಕುಂಡ. ನಾಲ್ಕನೆಯ ದಿನ ಮಾವನವರ ಕೋಣೆಯ ಹೊರಗೆ, ಮೆಟ್ಟಿಲ ತಲೆಯಲ್ಲಿ ಹಾಸಿದ್ದ ಚಾಪೆ. ಯಜಮಾನರಿಗೆ ಕೋಪ ಬಂದಿತು. ಮಾಡಿದ ಗಲೀಜಿಗೇ ಮೂತಿಯನ್ನು ತಿಕ್ಕಿದರೆ ಬುದ್ಧಿ ಬರುವುದೆಂದು ಕಚೇರಿಯಲ್ಲಿ ಯಾರೋ ಹೇಳಿದ್ದರಂತೆ, ಹಾಗೆಯೇ ಮಾಡಿದರು. ಬುದ್ಧಿ ಬಂದದ್ದು ನಿಜ, ಬೇರೊಂದು ಬಗೆಯಲ್ಲಿ ಬಂದಿತು: ಅಂದಿನಿಂದ ಮರಿಗಳು ಅವರನ್ನು ಕಂಡರೆ ಓಡಿ, ಇನ್ನೂ ಗುಟ್ಟಾದ ಮೂಲೆಗಳನ್ನು ಹುಡುಕತೊಡಗಿದುವು. ನಾನು ಮೆಟ್ಟಿಲುಗಳಿಗೆಲ್ಲ ಫಿನೈಲು ಸುರಿದು ಒರೆಸಿದೆ.

ವಾರ ಕಳೆಯುವುದರೊಳಗೆ ಸೋತು, ಮರಿಗಳನ್ನು ಬುಟ್ಟಿಯಲ್ಲಿ ಹಾಕಿಕೊಂಡು ಪಶುವೈದ್ಯೆಯೊಬ್ಬರಲ್ಲಿಗೆ ಹೋದೆ. ಆಕೆ ಮರಿಗಳ ಹೊಟ್ಟೆ ಮುಟ್ಟಿ ನೋಡಿ, ರೋಗವೇನೂ ಇಲ್ಲವೆಂದು ಹೇಳಿ, "ನಿಮ್ಮ ಮನೆಗೆ ಎಷ್ಟು ಮಹಡಿ?" ಎಂದು ಕೇಳಿದರು.

"ಕೆಳಗಿನದೂ ಸೇರಿ ಮೂರು."

"ಬೋಗುಣಿ ಎಷ್ಟು?"

"ಒಂದು. ಅಡಿಗೆಮನೆಯ ಹಿಂದೆ."

ಆಕೆ ನಕ್ಕರು. "ನೋಡಿ, ಮೂರು ಮಹಡಿ, ಎರಡು ಮರಿ, ಒಂದು ಬೋಗುಣಿ. ಈ ಲೆಕ್ಕದಲ್ಲಿ ತಪ್ಪು ಯಾರದು? ಮರಿಯ ಮೂತ್ರಕೋಶ ಪುಟ್ಟದು. ಅವಸರವಾಯಿತೆಂದು ತಿಳಿಯುವುದಕ್ಕೂ ಆಗಿಹೋಗುವುದಕ್ಕೂ ನಡುವೆ ಹೆಚ್ಚು ಕಾಲವಿರುವುದಿಲ್ಲ. ನಿಮ್ಮ ಒಂದು ಮೆಟ್ಟಿಲು ಅದರ ಎದೆಯೆತ್ತರ. ಅಷ್ಟು ಮೆಟ್ಟಿಲಿಳಿದು ಅದು ಹೋಗುವುದಾದರೂ ಹೇಗೆ? ಅದಕ್ಕೆ ಪಾಠ ಮರೆತಿಲ್ಲ. ದೂರವಾಗಿದೆ, ಅಷ್ಟೆ."

ಆಕೆ ಹೇಳಿಕೊಟ್ಟುದನ್ನು, ಇತರರಿಗೂ ಉಪಯೋಗವಾದೀತೆಂದು ಇಲ್ಲಿ ಬರೆಯುತ್ತೇನೆ. ಬೆಕ್ಕು ಎಷ್ಟಿವೆಯೋ ಅದಕ್ಕಿಂತ ಒಂದು ಬೋಗುಣಿ ಹೆಚ್ಚಿರಬೇಕು. ಮಹಡಿಗೆ ಒಂದಾದರೂ ಇರಲೇಬೇಕು. ಉಣ್ಣುವ ಜಾಗದ ಪಕ್ಕದಲ್ಲಿಯೂ, ಬಟ್ಟೆ ಒಗೆಯುವ ಯಂತ್ರದಂತಹ ಸದ್ದಿನ ವಸ್ತುವಿನ ಬಳಿಯಲ್ಲಿಯೂ ಇಡಬಾರದು. ಗದ್ದಲವಿಲ್ಲದ, ಆದರೆ ಯಾವ ಹೊತ್ತಿನಲ್ಲಿಯೂ ಬಾಗಿಲು ಮುಚ್ಚದ ಮೂಲೆಯಾಗಬೇಕು. ಮಲಿನವಾದ ಮರಳನ್ನು ದಿನಕ್ಕೊಮ್ಮೆಯಾದರೂ ತೆಗೆದು ಕೈ ತೊಳೆಯಬೇಕು. ವಾರಕ್ಕೊಮ್ಮೆ ಬೋಗುಣಿಯನ್ನು ಸಾಬೂನಿನಿಂದ ತೊಳೆದು ಒಣಗಿಸಬೇಕು. ಬಸುರಿಯಾದವರು ಈ ಕೆಲಸವನ್ನು ಬೇರೆಯವರಿಗೆ ಬಿಡುವುದು ಒಳ್ಳೆಯದು. ಬೆಕ್ಕಿನ ಮಲದಿಂದ ಹರಡುವ ಒಂದು ಬಗೆಯ ಸೂಕ್ಷ್ಮಜೀವಿ ಗರ್ಭದ ಶಿಶುವಿಗೆ ಕೇಡು ಮಾಡಬಲ್ಲುದು. ತಪ್ಪಾದ ಕಡೆ ವಾಸನೆ ಉಳಿದರೆ ಮರಿ ಅಲ್ಲಿಗೇ ಮರಳುತ್ತದೆ. ಆದ್ದರಿಂದ ಆ ವಾಸನೆಯನ್ನು ಪೂರ್ತಿಯಾಗಿ ತೊಡೆಯಬೇಕು. ಆದರೆ ಫಿನೈಲನ್ನು ಮಾತ್ರ ಮುಟ್ಟಬಾರದು! ಅದರಲ್ಲಿರುವ ಫೀನಾಲನ್ನು ಅರಗಿಸಿ ಹೊರಹಾಕುವ ಶಕ್ತಿ ಬೆಕ್ಕಿನ ಯಕೃತ್ತಿಗೆ ಸಾಲದು. ನೆಲದ ಮೇಲೆ ನಡೆದ ಪಾದವನ್ನು ನೆಕ್ಕಿದರೂ ಅದು ವಿಷ. ಇದನ್ನು ಕೇಳಿ ನನ್ನ ಎದೆ ಝಲ್ಲೆಂದಿತು. ನಾನು ಮನೆಯನ್ನು ಶುದ್ಧಮಾಡುವ ಭರದಲ್ಲಿ ಆ ಅನಾಥ ಮರಿಗಳಿಗೆ ವಾರವೆಲ್ಲ ವಿಷ ಸುರಿದಿದ್ದೆ.

ಮೂರು ಮಹಡಿಗೂ ಒಂದೊಂದು ಬೋಗುಣಿ ಬಂದಿತು. ಮೇಲಿನದನ್ನು ಮೆಟ್ಟಿಲ ತಲೆಯಲ್ಲಿ, ಆ ಚಾಪೆಗೆ ಎರಡು ಮಾರು ಆಚೆ ಇಟ್ಟೆವು. ನಮ್ಮ ಏಳು ವರ್ಷದ ಮಗ "ಮಹಡಿಗೊಂದು, ಮಹಡಿಗೊಂದು" ಎಂದು ಮಗ್ಗಿಯಂತೆ ಹೇಳಿಕೊಂಡು ತಿರುಗಿದನು. ಐದಾರು ದಿನಗಳಲ್ಲಿ ಬಟ್ಟೆಯ ರಾಶಿ, ಮಂಚದ ಕೆಳಗು, ತುಲಸಿಯ ಕುಂಡ ಎಲ್ಲವೂ ಶುಭ್ರವಾದುವು. ಆದರೆ ಮೇಲಿನ ಆ ಚಾಪೆ ಮಾತ್ರ ಎರಡು ಮೂರು ದಿನಕ್ಕೊಮ್ಮೆ ಬೆಳಿಗ್ಗೆ ಒದ್ದೆಯಾಗಿರುತ್ತಿದ್ದಿತು. ನಾನು ಹೋಗುವುದರೊಳಗೆ ಮಾವನವರು ತಮ್ಮ ವಸ್ತ್ರದಿಂದಲೇ ಅದನ್ನು ಒರೆಸಿರುತ್ತಿದ್ದರು. "ಮರಿಗಳು, ಏನು ಮಾಡೋಣ" ಎನ್ನುತ್ತಿದ್ದರು. ಕಾಡಿಗೆಯು ಹಗಲೆಲ್ಲ ಅವರ ಬಾಗಿಲಲ್ಲಿಯೇ ಬಿದ್ದಿರುತ್ತಿದ್ದುದರಿಂದ ಅಪವಾದ ಅದರ ತಲೆಗೆ ಬಂದಿತು.

ಒಂದು ರಾತ್ರಿ ಗುಡುಗು ಮಳೆ. ಮರಿಗಳು ಹೆದರುವುವೆಂದು ನನ್ನ ಮಗಳು ಎರಡನ್ನೂ ತನ್ನ ಕೋಣೆಗೆ ಕರೆದುಕೊಂಡು, ಬೋಗುಣಿಯನ್ನೂ ಒಳಗಿಟ್ಟುಕೊಂಡು ಅಗಳಿ ಹಾಕಿದಳು. ಬೆಳಿಗ್ಗೆ ಆ ಬಾಗಿಲನ್ನು ತೆರೆದವಳು ನಾನೇ. ಮರಿಗಳು ಅವಳ ಕಾಲಬಳಿ ಮಲಗಿದ್ದುವು. ಕಾಫಿ ತೆಗೆದುಕೊಂಡು ಮೇಲಕ್ಕೆ ಹೋದೆ. ಚಾಪೆ ಒದ್ದೆಯಾಗಿದ್ದಿತು.

"ಮರಿಗಳು ಮತ್ತೆ ಗಲೀಜು ಮಾಡಿವೆಯಮ್ಮ" ಎಂದರು ಮಾವನವರು. ನನ್ನ ಮುಖ ನೋಡಲಿಲ್ಲ.

"ಹೌದು ಮಾವ" ಎಂದೆ. ಕಾಫಿ ಇಟ್ಟು ಕೆಳಗಿಳಿದೆ. ಇಳಿಯುವಾಗ ಒಂದೊಂದು ಮೆಟ್ಟಿಲೂ ನನಗೆ ಹೊಸದಾಗಿ ಕಂಡಿತು. ರಾತ್ರಿಯ ಹೊತ್ತು, ದೀಪವಿಲ್ಲ, ಮಂಡಿನೋವು, ಅವಸರ.

ಇಲ್ಲಿ ನನ್ನ ತಪ್ಪನ್ನು ಹೇಳಿಕೊಳ್ಳಬೇಕು. ತಿಳಿದ ಮೇಲೂ ನಾನು ನಾಲ್ಕು ದಿನ ಯಾರೊಡನೆಯೂ ಮಾತೆತ್ತಲಿಲ್ಲ. ಹಿರಿಯರ ಮರ್ಯಾದೆ ಕಾಯುತ್ತಿದ್ದೇನೆಂದು ನನಗೆ ನಾನೇ ಹೇಳಿಕೊಂಡೆ. ಅದು ಮರ್ಯಾದೆಯೋ ಹೇಡಿತನವೋ ಈಗಲೂ ಸರಿಯಾಗಿ ಹೇಳಲಾರೆ. ಅಷ್ಟರಲ್ಲಿ ಯಜಮಾನರು, ಬೆಣ್ಣೆ ಇರಲಿ, ಕಾಡಿಗೆಯನ್ನು ಮಾತ್ರ ಕನಕಪುರದ ದಾರಿಯಲ್ಲಿರುವ ಪರಿಚಿತರ ತೋಟಕ್ಕೆ ಬಿಟ್ಟುಬರುವುದೆಂದು ನಿಶ್ಚಯಿಸಿದರು. ಆಗಲೂ ನಾನು ಸುಮ್ಮನಿದ್ದೆ.

ಭಾನುವಾರ ಮಧ್ಯಾಹ್ನ ಮುಚ್ಚಳದ ಬುಟ್ಟಿ ಸಿದ್ಧವಾಯಿತು. ಮಗಳು ಮೆಟ್ಟಿಲ ಮೇಲೆ ಕುಳಿತು ಅಳುತ್ತಿದ್ದಳು. ಒಳಗೆ ಮರಿಯೂ ಕೂಗುತ್ತಿದ್ದಿತು. ಆಗ ಮಾವನವರು ಕಂಬಿ ಹಿಡಿದುಕೊಂಡು ಒಂದೊಂದೇ ಮೆಟ್ಟಿಲಾಗಿ ಇಳಿದು ಬಂದರು. ಶಾಲೆಗೆ ಹೊರಟವರಂತೆ ಇಸ್ತ್ರಿಯ ಅಂಗಿ ತೊಟ್ಟಿದ್ದರು. ನಡುಮನೆಯಲ್ಲಿ ನಿಂತು ಮಗನಿಗೆ, "ಬುಟ್ಟಿಯನ್ನು ಕೆಳಗಿಡು. ಆ ಮೂಲೆಯ ತಪ್ಪು ಮರಿಯದಲ್ಲ, ನನ್ನದು" ಎಂದರು.

ಯಜಮಾನರಿಗೆ ಅರ್ಥವಾಗಲಿಲ್ಲ. "ಅಪ್ಪ, ನೀವು ಏನು..."

"ರಾತ್ರಿ ಎದ್ದರೆ ನಿಮ್ಮ ಮಹಡಿಯವರೆಗೆ ಇಳಿಯುವಷ್ಟು ತಡೆಯಲಾಗುವುದಿಲ್ಲ. ಮೂರು ತಿಂಗಳಾಯಿತು. ಮೊದಲು ಯಾರಿಗೂ ತಿಳಿಯದಂತೆ ಒರೆಸುತ್ತಿದ್ದೆ. ಮರಿಗಳು ಬಂದ ಮೇಲೆ ಅವುಗಳ ಹೆಸರು ಹೇಳಿದೆ." ಸ್ವಲ್ಪ ಹೊತ್ತು ಸುಮ್ಮನಿದ್ದು, "ಮೂವತ್ತೈದು ವರ್ಷದಲ್ಲಿ ಮಾಡದ ತಪ್ಪಿಗೆ ಒಬ್ಬ ಹುಡುಗನನ್ನೂ ನಾನು ತರಗತಿಯ ಹೊರಗೆ ನಿಲ್ಲಿಸಲಿಲ್ಲ. ಈಗ ಇದನ್ನು ಮನೆಯಿಂದಲೇ ಹೊರಗೆ ಹಾಕಿಸಿ ಹೇಗೆ ಊಟಮಾಡಲಿ?" ಎಂದರು.

ಯಾರೂ ಮಾತಾಡಲಿಲ್ಲ. ಕಡೆಗೆ ನನ್ನ ಮಗ, ಲೆಕ್ಕ ತಾಳೆಯಾದವನ ಸಂತೋಷದಿಂದ, "ಹೌದಲ್ಲ ತಾತ! ಮಹಡಿಗೊಂದು ಅಂದಿದ್ದರು. ನಿನ್ನ ಮಹಡಿಯಲ್ಲಿ ಮರಿಗಳಿಗೆ ಇದೆ, ನಿನಗೇ ಇಲ್ಲ!" ಎಂದನು. ನಾನು ಅವನ ಬಾಯಿ ಮುಚ್ಚಲು ಧಾವಿಸಿದೆ. ಆದರೆ ಮಾವನವರು ಗಟ್ಟಿಯಾಗಿ ನಕ್ಕುಬಿಟ್ಟರು. ಅತ್ತೆಯವರು ಹೋದ ಮೇಲೆ ಅವರು ಹಾಗೆ ನಕ್ಕುದನ್ನು ನಾನು ಕೇಳಿರಲಿಲ್ಲ. ಯಜಮಾನರು ಬುಟ್ಟಿಯ ಮುಚ್ಚಳ ತೆಗೆದು, ತಂದೆಯ ಮುಖ ನೋಡಲಾರದೆ ಮರಿಯ ಮುಖವನ್ನೇ ಬಹಳ ಹೊತ್ತು ನೋಡುತ್ತ ಕುಳಿತರು.

ರಾತ್ರಿ ಹಾಲು ಕೊಡಲು ಹೋದಾಗ ಮಾವನವರು ಕೇಳಿದರು: "ನಿನಗೆ ಗೊತ್ತಿತ್ತಲ್ಲವೇನಮ್ಮ?"

"ಗೊತ್ತಿತ್ತು ಮಾವ. ನಾಲ್ಕು ದಿನದಿಂದ."

"ಕೇಳಬಾರದಾಗಿತ್ತೆ?"

"ನಿಮಗೆ ನೋವಾದೀತೆಂದು..."

"ನೀನು ಕೇಳುವೆಯೇನೋ ಎಂದು ದಿನವೂ ಕಾಯುತ್ತಿದ್ದೆನಲ್ಲ, ನೋವಾದದ್ದು ಅದರಿಂದ" ಎಂದರು. ಆ ಮಾತಿನಲ್ಲಿ ಆಕ್ಷೇಪಣೆ ಇರಲಿಲ್ಲ. ಇದ್ದಿದ್ದರೆ ನನಗೆ ಹಗುರವಾಗುತ್ತಿದ್ದಿತು.

ಮರುದಿನವೇ ವೈದ್ಯರಲ್ಲಿಗೆ ಹೋದೆವು. ವಯಸ್ಸಾದ ಗಂಡಸರಲ್ಲಿ ಪ್ರಾಸ್ಟೇಟ್ ಎಂಬ ಗ್ರಂಥಿ ದೊಡ್ಡದಾಗಿ ಹೀಗಾಗುವುದು ಬಹು ಸಾಮಾನ್ಯವೆಂದೂ, ನಾಚಿಕೆಯಿಂದ ಮುಚ್ಚಿಡುವವರೇ ಹೆಚ್ಚೆಂದೂ ಅವರು ಹೇಳಿದರು. ಮಾತ್ರೆ ಬರೆದುಕೊಟ್ಟರು, ಸಂಜೆಯ ಮೇಲೆ ಕಾಫಿ ಬೇಡವೆಂದರು. ಎಲ್ಲಕ್ಕಿಂತ ಹೆಚ್ಚಾಗಿ, ಕತ್ತಲೆಯಲ್ಲಿ ಅವಸರದಿಂದ ಮೆಟ್ಟಿಲಿಳಿಯುವ ಮುದುಕರು ಬಿದ್ದು ಸೊಂಟದ ಮೂಳೆ ಮುರಿದುಕೊಳ್ಳುವುದನ್ನು ತಾವು ಎಷ್ಟೋ ಕಂಡಿರುವುದಾಗಿ ಎಚ್ಚರಿಸಿದರು. ಮಾವನವರನ್ನು ಕೆಳಗಿನ ಮಹಡಿಗೆ ಇಳಿಸುವ ಯೋಚನೆ ಮಾಡಿದೆವು. ಆ ಕೋಣೆಯನ್ನು ಬಿಡಲು ಅವರಿಗೆ ಮನಸ್ಸಿಲ್ಲ. ನಮ್ಮ ಬಚ್ಚಲಿನ ಕೊಳವೆ ಅದೇ ಗೋಡೆಯಲ್ಲಿ ಮೇಲಕ್ಕೆ ಹೋಗಿದ್ದುದು ಅನುಕೂಲವಾಯಿತು. ಅವರ ಬಾಗಿಲ ಪಕ್ಕದಲ್ಲಿಯೇ, ತಾರಸಿಯ ಒಂದು ಮೂಲೆಯಲ್ಲಿ, ಜಾರದ ನೆಲ, ಹಿಡಿದುಕೊಳ್ಳಲು ಕಂಬಿ, ರಾತ್ರಿಯಿಡೀ ಉರಿಯುವ ಸಣ್ಣ ದೀಪ ಇವುಗಳೊಡನೆ ಒಂದು ಚಿಕ್ಕ ಬಚ್ಚಲು ಮೂರು ವಾರಗಳಲ್ಲಿ ಎದ್ದಿತು. ಅದುವರೆಗೆ ಅವರು ಮಕ್ಕಳ ಕೋಣೆಯಲ್ಲಿ ಮಲಗಿದರು. ಮಕ್ಕಳಿಗೆ ಹಬ್ಬವಾಯಿತು.

ಮರಿಗಳು ಈಗ ದೊಡ್ಡವಾಗಿವೆ. ಆರು ತಿಂಗಳಾಗುವ ಹೊತ್ತಿಗೆ ಎರಡಕ್ಕೂ ಸಂತಾನನಿರೋಧದ ಶಸ್ತ್ರಚಿಕಿತ್ಸೆ ಮಾಡಿಸಿದೆವು. ಹಾಗೆ ಮಾಡದಿದ್ದರೆ ಗಂಡುಬೆಕ್ಕು ಗೋಡೆಗೆ ಮೂತ್ರ ಚಿಮ್ಮಿಸುವ ಅಭ್ಯಾಸ ಕಲಿಯುವುದುಂಟು. ಮೂರು ಮಹಡಿಯಲ್ಲಿಯೂ ಬೋಗುಣಿಗಳಿವೆ, ಒಂದೂ ತಪ್ಪಾಗಿಲ್ಲ. ಮನೆಯಲ್ಲಿ ಯಾರಾದರೂ ಮಾಡಬಾರದ ಕಡೆ ಏನಾದರೂ ಮಾಡಿದರೆ, ಶಿಸ್ತಿಲ್ಲವೆಂದು ಹೇಳುವ ಮೊದಲು ಎಷ್ಟು ದೂರವಿತ್ತೆಂದು ಕೇಳುವುದನ್ನು ನಾನು ಅಭ್ಯಾಸಮಾಡಿಕೊಳ್ಳುತ್ತಿದ್ದೇನೆ.

ಈ ಲೇಖನವನ್ನು ಕಳುಹಿಸುವ ಮುನ್ನ ಮಾವನವರ ಕೈಗೆ ಕೊಟ್ಟೆ. ಅವರು ಒಪ್ಪದಿದ್ದರೆ ಹರಿದುಹಾಕುವುದೆಂದು ನಿರ್ಧರಿಸಿದ್ದೆ. ಕಾಡಿಗೆಯನ್ನು ತೊಡೆಯ ಮೇಲಿಟ್ಟುಕೊಂಡು ಪೂರ್ತಿ ಓದಿದರು. ಎರಡು ಕಡೆ ಕಾಗುಣಿತ ತಿದ್ದಿದರು. "ಕಳಿಸಮ್ಮ. ಬೇರೆ ಮನೆಗಳಲ್ಲಿಯೂ ಮುದುಕರಿದ್ದಾರೆ" ಎಂದರು. ಮತ್ತೆ ಮೊದಲ ಪುಟಕ್ಕೆ ಹಿಂದಿರುಗಿ, ಮೆಟ್ಟಿಲು ಹದಿನೇಳೆಂದು ನಾನು ಬರೆದಿದ್ದುದನ್ನು ಹೊಡೆದು ಹಾಕಿದರು.

"ಹದಿನೆಂಟು" ಎಂದರು. "ನಾನು ಎಣಿಸಿದ್ದೇನೆ."